ಗೆಲುವಿನ ಲೆಕ್ಕ, ಕೀರ್ತಿಯ ಲೆಕ್ಕ: ಜಪಾನಿನ ‘ಓಗರ್ ಬ್ಯಾಟಲ್’ ಆಟದ ಒಂದು ಪರಿಚಯ

ಆಟವೆಂದರೆ ಕೇವಲ ಕಾಲಹರಣದ ಸಾಧನ ಎಂಬ ಭಾವನೆ ಕನ್ನಡಿಗರಲ್ಲಿ ಹಿಂದೆ ಇರಲಿಲ್ಲ. ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರ (1794-1868) ಆಶ್ರಯದಲ್ಲಿ ಸಿದ್ಧವಾದ ‘ಶ್ರೀತತ್ತ್ವನಿಧಿ’ ಎಂಬ ಮಹಾಗ್ರಂಥದ ಒಂಬತ್ತು ನಿಧಿಗಳಲ್ಲಿ ‘ಕೌತುಕನಿಧಿ’ ಎಂಬ ಭಾಗದಲ್ಲಿ ಆಟಗಳಿಗೂ ಸ್ಥಾನ ದೊರೆತಿದೆ. ರಾತ್ರಿಯಿಡೀ ನಡೆಯುವ ಯಕ್ಷಗಾನವನ್ನು ನಮ್ಮ ಕರಾವಳಿಯ ಜನ ಇಂದಿಗೂ ‘ಆಟ’ವೆಂದೇ ಕರೆಯುತ್ತಾರೆ. ಮಹಾಭಾರತದ ಧರ್ಮಸೂಕ್ಷ್ಮಗಳನ್ನು ಆಟದ ಮೂಲಕವೇ ಕಂಡು, ಕೇಳಿ, ಚರ್ಚಿಸಿದ ಪರಂಪರೆ ನಮ್ಮದು. ಆದುದರಿಂದ ಮುಂಬಯಿಯ ಕನ್ನಡ ಓದುಗರ ಮುಂದೆ ಒಂದು ಹಳೆಯ ಜಪಾನೀ ವಿಡಿಯೋ ಆಟವನ್ನು ತೆರೆದಿಡಲು ಹೆಚ್ಚಿನ ಪೀಠಿಕೆ ಬೇಕಾಗಲಾರದು.

ಆ ಆಟದ ಹೆಸರು ‘ಓಗರ್ ಬ್ಯಾಟಲ್: ದಿ ಮಾರ್ಚ್ ಆಫ್ ದಿ ಬ್ಲ್ಯಾಕ್ ಕ್ವೀನ್’. ಕಪ್ಪು ರಾಣಿಯ ದಂಡಯಾತ್ರೆ ಎಂದು ಅದರ ಉತ್ತರಾರ್ಧವನ್ನು ಕನ್ನಡಿಸಬಹುದು. ‘ಓಗರ್’ ಎಂದೊಡನೆ ನಮ್ಮ ಪುಳಿಯೋಗರೆಯ ‘ಓಗರ’ ಯಾರಿಗಾದರೂ ನೆನಪಾದರೆ ಅದು ಸಹಜವೇ. ಆದರೆ ಇಲ್ಲಿ ಆ ಪದಕ್ಕೆ ಯುರೋಪಿನ ಜನಪದ ಕಥೆಗಳ ನರಭಕ್ಷಕ ರಕ್ಕಸ ಎಂದರ್ಥ. ಜಪಾನಿನ ‘ಕ್ವೆಸ್ಟ್’ ಎಂಬ ಸಂಸ್ಥೆ ನಿರ್ಮಿಸಿದ ಈ ಆಟ 1993ರ ಮಾರ್ಚ್ 12ರಂದು ನಿಂಟೆಂಡೋ ಸಂಸ್ಥೆಯ ‘ಸೂಪರ್ ಫ್ಯಾಮಿಕಾಮ್’ ಯಂತ್ರಕ್ಕಾಗಿ ಬಿಡುಗಡೆಯಾಯಿತು. ನಿರ್ದೇಶಕರು ಯಸುಮಿ ಮಾತ್ಸುನೊ. ಚಿತ್ರಗಳನ್ನು ಅಕಿಹಿಕೊ ಯೊಶಿದ ಮೊದಲಾದವರು ರಚಿಸಿದರೆ, ಹಿತೋಶಿ ಸಕಿಮೋತೊ, ಮಸಹರು ಇವಾತ ಮತ್ತು ಹಯಾತೊ ಮಾತ್ಸುವೊ ಸಂಗೀತ ಸಂಯೋಜಿಸಿದರು. 1995ರಲ್ಲಿ ‘ಎನಿಕ್ಸ್’ ಸಂಸ್ಥೆ ಇದರ ಇಂಗ್ಲಿಷ್ ಆವೃತ್ತಿಯನ್ನು ಅಮೆರಿಕದಲ್ಲಿ ಹೊರತಂದಿತು.

ಮೂವತ್ತು ವರ್ಷ ದಾಟಿದ ಈ ಆಟವನ್ನು ಇಂದು ನೆನೆಯಲು ಮುಖ್ಯವಾದ ಕಾರಣವೊಂದಿದೆ. ಯುದ್ಧದ ಆಟಗಳು ಸಾವಿರಾರು ಬಂದಿವೆ. ಅವುಗಳಲ್ಲಿ ಬಹುತೇಕ ಎಲ್ಲವೂ ಕೇಳುವುದು ‘ಗೆದ್ದೆಯಾ?’ ಎಂಬ ಒಂದೇ ಪ್ರಶ್ನೆಯನ್ನು. ಈ ಆಟ ಅದರೊಂದಿಗೆ ‘ಹೇಗೆ ಗೆದ್ದೆ?’ ಎಂದೂ ಕೇಳುತ್ತದೆ. ಎರಡಕ್ಕೂ ಬೇರೆ ಬೇರೆ ಖಾತೆ ತೆರೆದು, ಕೊನೆಗೆ ಎರಡನೆಯ ಖಾತೆಯನ್ನೇ ಮುಂದಿಟ್ಟು ತೀರ್ಪು ನೀಡುತ್ತದೆ.

ಪಂಚಗಣಿಯಿಂದ ಜಪಾನಿಗೆ

ಆಟದ ಹೆಸರಿನ ಹಿಂದೆ ನಮ್ಮ ಮಹಾರಾಷ್ಟ್ರದ ನೆಲವನ್ನು ಮುಟ್ಟುವ ಒಂದು ಕುತೂಹಲಕರ ಸಂಗತಿಯಿದೆ. ‘ಓಗರ್ ಬ್ಯಾಟಲ್’ ಮತ್ತು ‘ದಿ ಮಾರ್ಚ್ ಆಫ್ ದಿ ಬ್ಲ್ಯಾಕ್ ಕ್ವೀನ್’ ಎಂಬಿವು ಇಂಗ್ಲೆಂಡಿನ ‘ಕ್ವೀನ್’ ವಾದ್ಯವೃಂದದ ಎರಡು ಹಾಡುಗಳ ಶೀರ್ಷಿಕೆಗಳು. ಎರಡೂ 1974ರಲ್ಲಿ ಬಂದ ‘ಕ್ವೀನ್ 2’ ಧ್ವನಿಮುದ್ರಿಕೆಯಲ್ಲಿವೆ. ಆ ಮುದ್ರಿಕೆಯ ಒಂದು ಮಗ್ಗುಲಿಗೆ ಬಿಳಿ, ಇನ್ನೊಂದಕ್ಕೆ ಕಪ್ಪು ಎಂದು ಹೆಸರಿಡಲಾಗಿತ್ತು. ಕಪ್ಪು ಮಗ್ಗುಲಿನ ಹಾಡುಗಳೆಲ್ಲವನ್ನೂ ಬರೆದವರು ಫ್ರೆಡ್ಡಿ ಮರ್ಕ್ಯುರಿ.

ಫ್ರೆಡ್ಡಿ ಮರ್ಕ್ಯುರಿಯ ಮೂಲ ಹೆಸರು ಫಾರೂಖ್ ಬುಲ್ಸಾರಾ. ಗುಜರಾತಿನ ಬುಲ್ಸಾರ್ ಅಂದರೆ ಇಂದಿನ ವಲ್ಸಾಡ್ ಮೂಲದ ಪಾರ್ಸಿ ಮನೆತನದಲ್ಲಿ, 1946ರ ಸೆಪ್ಟೆಂಬರ್ 5ರಂದು ಆಫ್ರಿಕಾದ ಜಾಂಜಿಬಾರ್ ದ್ವೀಪದಲ್ಲಿ ಅವರ ಜನನವಾಯಿತು. 1950ರ ದಶಕದ ಮಧ್ಯಭಾಗದಲ್ಲಿ ತಂದೆತಾಯಿ ಆ ಬಾಲಕನನ್ನು ಸಾತಾರಾ ಜಿಲ್ಲೆಯ ಪಂಚಗಣಿಯ ಸೇಂಟ್ ಪೀಟರ್ಸ್ ವಸತಿ ಶಾಲೆಗೆ ಸೇರಿಸಿದರು. ಆತ ಪಿಯಾನೋ ಕಲಿತದ್ದೂ, ಸಹಪಾಠಿಗಳೊಡನೆ ಮೊದಲ ವಾದ್ಯವೃಂದ ಕಟ್ಟಿದ್ದೂ ಅಲ್ಲಿಯೇ. 1964ರಲ್ಲಿ ಕುಟುಂಬ ಇಂಗ್ಲೆಂಡಿಗೆ ವಲಸೆ ಹೋಯಿತು. ಮಾತ್ಸುನೊ ‘ಕ್ವೀನ್’ ವೃಂದದ ಅಭಿಮಾನಿ. ತಮ್ಮ ಆಟಕ್ಕೆ ಅವರು ಆ ಎರಡು ಹಾಡುಗಳ ಹೆಸರನ್ನು ಕೂಡಿಸಿ ಇಟ್ಟರು. ಫ್ರೆಡ್ಡಿ 1991ರ ನವೆಂಬರ್ 24ರಂದೇ ತೀರಿಕೊಂಡಿದ್ದರಿಂದ ಆಟವನ್ನು ಅವರು ನೋಡಲಿಲ್ಲ. ಜಾಂಜಿಬಾರಿನಲ್ಲಿ ಹುಟ್ಟಿ, ಸಹ್ಯಾದ್ರಿಯ ಮಡಿಲಿನ ಶಾಲೆಯಲ್ಲಿ ಬೆಳೆದು, ಲಂಡನ್ನಿನಲ್ಲಿ ಹಾಡು ಬರೆದ ಪಾರ್ಸಿ ಕಲಾವಿದನ ಕಲ್ಪನೆ ಹೀಗೆ ಜಪಾನಿನ ತರುಣರ ಕೈಯಲ್ಲಿ ಒಂದು ಭೂಖಂಡದ ಕಥೆಯಾಯಿತು. ವಲಸೆಯ ನಗರವಾದ ಮುಂಬಯಿಯಲ್ಲಿ ಬಾಳುವ ನಮಗೆ ಈ ದಾರಿ ಅಪರಿಚಿತವೆನಿಸದು.

ಎರಡು ಜಾತಿಯ ಆಟಗಳ ಸಂಗಮ

ಈ ಆಟದ ಹೆಚ್ಚುಗಾರಿಕೆ ಅರಿಯಬೇಕಾದರೆ ಮೊದಲು ಎರಡು ಪ್ರಕಾರಗಳನ್ನು ತಿಳಿಯಬೇಕು. ಒಂದು, ‘ರಿಯಲ್ ಟೈಮ್ ಸ್ಟ್ರಾಟೆಜಿ’, ಅಂದರೆ ನಿಲ್ಲದ ಕಾಲದಲ್ಲಿ ನಡೆಯುವ ರಣತಂತ್ರ. ಇನ್ನೊಂದು, ‘ರೋಲ್ ಪ್ಲೇಯಿಂಗ್’, ಅಂದರೆ ಪಾತ್ರವಹಿಸಿ ಆಡುವ ಆಟ.

ಚದುರಂಗ ಸರದಿಯ ಆಟ. ಎದುರಾಳಿ ತನ್ನ ಕಾಯಿ ನಡೆಸುವವರೆಗೆ ನಮ್ಮ ಸೈನ್ಯ ಕಲ್ಲಿನಂತೆ ನಿಂತಿರುತ್ತದೆ. ಅವನು ಯೋಚಿಸುವಷ್ಟು ಹೊತ್ತು ನಾವೂ ಯೋಚಿಸಬಹುದು. ನಿಜವಾದ ಯುದ್ಧದಲ್ಲಾದರೋ ಶತ್ರು ನಮ್ಮ ಸರದಿಗಾಗಿ ಕಾಯುವುದಿಲ್ಲ. ಮುಂಬಯಿಗರಿಗೆ ಇದನ್ನು ಲೋಕಲ್ ರೈಲಿನ ನಿದರ್ಶನದಿಂದ ವಿವರಿಸಬಹುದು. ರೈಲ್ವೆಯ ನಿಯಂತ್ರಣ ಕೊಠಡಿಯಲ್ಲಿ ಕುಳಿತವನ ಮುಂದೆ ಎಲ್ಲ ಗಾಡಿಗಳೂ ಏಕಕಾಲದಲ್ಲಿ ಚಲಿಸುತ್ತಿರುತ್ತವೆ. ಅಂಧೇರಿಯಲ್ಲಿ ಒಂದು ಗಾಡಿ ತಡೆದರೆ ಬೊರಿವಲಿಯ ಗಾಡಿ ಅದಕ್ಕಾಗಿ ನಿಲ್ಲುವುದಿಲ್ಲ. ಒಂದರ ಸಮಸ್ಯೆ ಬಿಡಿಸುವಷ್ಟರಲ್ಲಿ ಇನ್ನೊಂದು ತಲೆ ಎತ್ತಿರುತ್ತದೆ. ನಿಲ್ಲದ ಕಾಲದ ರಣತಂತ್ರವೆಂದರೆ ಇದೇ.

ಪಾತ್ರವಹಿಸುವ ಆಟದ ಸ್ವಭಾವ ಬೇರೆ. ಅಲ್ಲಿ ಆಟಗಾರ ಒಂದು ವೇಷ ಧರಿಸುತ್ತಾನೆ. ಆ ವೇಷಕ್ಕೊಂದು ಹೆಸರು, ಗುಣ, ಊರು, ಗೆಳೆಯರು ಇರುತ್ತಾರೆ. ಅನುಭವದಿಂದ ಅದು ಬೆಳೆಯುತ್ತದೆ. ತಾಳಮದ್ದಳೆಯ ಅರ್ಥಧಾರಿ ಕರ್ಣನಾಗಿ ಕುಳಿತಾಗ ಕರ್ಣನ ಬಾಯಿಯಿಂದಲೇ ಮಾತನಾಡಬೇಕಾದಂತೆ, ಇಲ್ಲಿಯೂ ಪಾತ್ರದ ಹೊಣೆಯನ್ನು ಆಟಗಾರ ಹೊರಬೇಕಾಗುತ್ತದೆ.

ಈ ಎರಡನ್ನೂ ಬೆರೆಸುವ ಯತ್ನ ಜಪಾನಿನಲ್ಲಿ ಮೊದಲೇ ಆರಂಭವಾಗಿತ್ತು. 1983ರಲ್ಲಿ ಕೋಜಿ ಸುಮಿಯಿ ಎಂಬವರು ರಚಿಸಿದ ‘ಬೊಕೊಸುಕ ವಾರ್ಸ್’ ಆಟದಲ್ಲಿ ರಾಜನೊಬ್ಬ ತನ್ನ ಸೈನಿಕರನ್ನು ಜೊತೆಗೂಡಿಸಿಕೊಂಡು ಶತ್ರುವಿನ ಕೋಟೆಯತ್ತ ನಡೆಯುತ್ತಿದ್ದ. 1988ರಲ್ಲಿ ‘ಕುರೆ ಸಾಫ್ಟ್‌ವೇರ್’ ಸಂಸ್ಥೆಯ ‘ಸಿಲ್ವರ್ ಗೋಸ್ಟ್’ ಮತ್ತು ‘ಫಸ್ಟ್ ಕ್ವೀನ್’ ಬಂದವು. ಅವುಗಳಲ್ಲಿ ಆಟಗಾರ ಒಬ್ಬನನ್ನು ನಡೆಸಿದರೆ ಉಳಿದ ಸೈನಿಕರು ತಾವಾಗಿಯೇ ಹೋರಾಡುತ್ತಿದ್ದರು. ಅಮೆರಿಕದಲ್ಲಿ ನಿಲ್ಲದ ಕಾಲದ ರಣತಂತ್ರಕ್ಕೆ ಮಾದರಿ ಹಾಕಿಕೊಟ್ಟ ‘ಡ್ಯೂನ್ 2’ ಬಂದದ್ದು 1992ರಲ್ಲಿ. ಮರುವರ್ಷ ಬಂದ ‘ಓಗರ್ ಬ್ಯಾಟಲ್’ ಈ ಬೆರಕೆಗೆ ಹೊಸ ಗಾಂಭೀರ್ಯ ತಂದುಕೊಟ್ಟಿತು.

ಕಥೆ ಮತ್ತು ಆಟದ ರೀತಿ

ಜೆಟೆಗಿನಿಯಾ ಎಂಬ ಕಲ್ಪಿತ ಭೂಖಂಡದಲ್ಲಿ ಐದು ರಾಜ್ಯಗಳಿದ್ದವು. ಕಥೆ ಆರಂಭವಾಗುವುದಕ್ಕೆ ಸುಮಾರು ಕಾಲು ಶತಮಾನದ ಹಿಂದೆ ಹೈಲ್ಯಾಂಡ್ ರಾಜ್ಯದ ರಾಣಿ ಎಂಡೋರಾ, ರಶಿದಿ ಎಂಬ ಮಾಂತ್ರಿಕನ ನೆರವಿನಿಂದ ಉಳಿದ ನಾಲ್ಕನ್ನೂ ಜಯಿಸಿ ಸಾಮ್ರಾಜ್ಯ ಕಟ್ಟಿದಳು. ಕಪ್ಪು ರಾಣಿಯೆಂದರೆ ಇವಳೇ. ಅಳಿದ ಜೆನೋಬಿಯಾ ರಾಜ್ಯದ ಯೋಧರಲ್ಲಿ ಅಳಿದುಳಿದವರು ಬಂಡಾಯವೆದ್ದು ಒಬ್ಬ ನಾಯಕನನ್ನು ಅರಸುತ್ತಾರೆ. ಆ ನಾಯಕನ ಅಥವಾ ನಾಯಕಿಯ ವೇಷವೇ ಆಟಗಾರನದು.

ಆಟ ಯುದ್ಧದಿಂದ ಆರಂಭವಾಗುವುದಿಲ್ಲ, ಸಂದರ್ಶನದಿಂದ ಆರಂಭವಾಗುತ್ತದೆ. ವಾರೆನ್ ಎಂಬ ವೃದ್ಧ ಜ್ಯೋತಿಷಿ ಟ್ಯಾರೋ ಎಲೆಗಳನ್ನು ಒಂದೊಂದಾಗಿ ತಿರುವಿ ಪ್ರಶ್ನೆ ಕೇಳುತ್ತಾನೆ. ಟ್ಯಾರೋ ಈಗ ಭವಿಷ್ಯ ಹೇಳುವ ಸಾಧನವೆಂದು ಪ್ರಸಿದ್ಧವಾದರೂ ಮೂಲತಃ ಹದಿನೈದನೆಯ ಶತಮಾನದ ಇಟಲಿಯ ಇಸ್ಪೀಟು; ನಮ್ಮ ಮೈಸೂರು ಮತ್ತು ಸಾವಂತವಾಡಿಯ ಗಂಜೀಫಾ ಎಲೆಗಳಂತೆ ಚಿತ್ರಕಲೆಯೂ ಆಟವೂ ಕೂಡಿದ ವಸ್ತು. ವಾರೆನ್ನನ ಪ್ರಶ್ನೆಗಳಿಗೆ ಸರಿ ತಪ್ಪು ಎಂಬ ಉತ್ತರವಿಲ್ಲ. ಕೊಟ್ಟ ಉತ್ತರಗಳಿಗೆ ಅನುಗುಣವಾಗಿ ನಾಯಕನ ಸ್ವಭಾವವೂ ಅವನ ಮೊದಲ ಸೈನ್ಯವೂ ನಿಗದಿಯಾಗುತ್ತವೆ.

ಅನಂತರ ರಣರಂಗದ ನಕ್ಷೆ ತೆರೆದುಕೊಳ್ಳುತ್ತದೆ. ಒಂದು ತುದಿಯಲ್ಲಿ ನಮ್ಮ ಪಾಳೆಯ, ಇನ್ನೊಂದು ತುದಿಯಲ್ಲಿ ಶತ್ರು ಸೇನಾಪತಿಯ ಕೋಟೆ, ನಡುವೆ ಊರುಗಳು ಮತ್ತು ದೇಗುಲಗಳು. ಹೆಚ್ಚೆಂದರೆ ಐವರಿರುವ ತುಕಡಿಗಳನ್ನು ಆಟಗಾರ ಕಟ್ಟಬೇಕು. ಮುಂದಿನ ಸಾಲಿನಲ್ಲಿ ಯಾರು, ಹಿಂದಿನ ಸಾಲಿನಲ್ಲಿ ಯಾರು ಎಂದು ನಿರ್ಧರಿಸಬೇಕು. ಡ್ರ್ಯಾಗನ್, ಗ್ರಿಫಿನ್‌ನಂತಹ ಮಹಾಪ್ರಾಣಿ ಇಬ್ಬರ ಜಾಗ ಹಿಡಿಯುತ್ತದೆ. ರೆಕ್ಕೆಯುಳ್ಳವರು ಬೆಟ್ಟ ನದಿಗಳನ್ನು ಲೆಕ್ಕಿಸದೆ ಹಾರುತ್ತಾರೆ, ಕಾಲಾಳುಗಳು ದಾರಿ ಹಿಡಿದು ನಡೆಯಬೇಕು. ಹಗಲು ಸಾಮಾನ್ಯ ಮನುಷ್ಯನಂತಿರುವವನು ರಾತ್ರಿ ತೋಳನಾಗುವುದೂ ಉಂಟು. ಹಗಲಿಡೀ ಶವಪೆಟ್ಟಿಗೆಯಲ್ಲಿ ಮಲಗುವ ರಕ್ತಪಿಪಾಸುವೂ ಉಂಟು. ಆದುದರಿಂದ ಯಾವ ತುಕಡಿ ಯಾವ ಹೊತ್ತಿಗೆ ಶತ್ರುವನ್ನು ಸಂಧಿಸುತ್ತದೆ ಎಂಬುದೂ ಲೆಕ್ಕಕ್ಕೆ ಬರುತ್ತದೆ.

ಎರಡು ಸೇನೆಗಳು ಸಂಧಿಸಿದೊಡನೆ ಕಾಳಗ ತೆರೆಯ ಮೇಲೆ ಮೂಡುತ್ತದೆ. ಆಶ್ಚರ್ಯವೆಂದರೆ ಇಲ್ಲಿ ಆಟಗಾರನ ಕೈಯಲ್ಲಿ ಬಹಳವೇನೂ ಇಲ್ಲ. ಬಲಿಷ್ಠನನ್ನು ಹೊಡೆಯಿರಿ, ದುರ್ಬಲನನ್ನು ಹೊಡೆಯಿರಿ, ನಾಯಕನನ್ನು ಹೊಡೆಯಿರಿ ಎಂಬಂತಹ ಸ್ಥೂಲ ಆದೇಶ ಕೊಡಬಹುದು, ಕೈಯಲ್ಲಿರುವ ಟ್ಯಾರೋ ಎಲೆಯೊಂದನ್ನು ಪ್ರಯೋಗಿಸಬಹುದು, ಇಲ್ಲವೇ ಹಿಂದೆಗೆಯಬಹುದು. ಉಳಿದುದನ್ನು ಸೈನಿಕರೇ ನೋಡಿಕೊಳ್ಳುತ್ತಾರೆ. ಪ್ರತಿಯೊಬ್ಬನ ಏಟುಗಳೂ ಮುಗಿದಾಗ ಹೆಚ್ಚು ಹಾನಿ ಮಾಡಿದ ಪಕ್ಷ ಗೆದ್ದಂತೆ. ಸೋತದ್ದು ಹಿಂದೆ ಸರಿಯುತ್ತದೆ. ತುಕಡಿಯ ನಾಯಕ ಮಡಿದರೆ ಉಳಿದವರು ಆಜ್ಞೆಗೆ ನಿಲ್ಲದೆ ಪಾಳೆಯದತ್ತ ಮರಳತೊಡಗುತ್ತಾರೆ. ಸೇನಾಪತಿಯ ಕೆಲಸ ಕತ್ತಿ ಬೀಸುವುದಲ್ಲ, ಸರಿಯಾದವರನ್ನು ಸರಿಯಾದ ಜಾಗಕ್ಕೆ ಸರಿಯಾದ ಹೊತ್ತಿಗೆ ಕಳಿಸುವುದು ಎಂಬ ತಿಳಿವಳಿಕೆ ಈ ವ್ಯವಸ್ಥೆಯ ತಳಹದಿಯಾಗಿದೆ.

ಹಣದ ಚಿಂತೆಯೂ ತಪ್ಪಿದ್ದಲ್ಲ. ರಣರಂಗಕ್ಕಿಳಿದ ಪ್ರತಿ ತುಕಡಿಗೂ ದಿನದ ಖರ್ಚಿದೆ. ಬಿಡುಗಡೆಗೊಂಡ ಊರುಗಳು ದಿನಕ್ಕೊಮ್ಮೆ ಕಾಣಿಕೆ ಸಲ್ಲಿಸುತ್ತವೆ. ಅತಿಯಾಗಿ ಸೈನ್ಯ ಹೂಡಿದರೆ ಬೊಕ್ಕಸ ಬರಿದು, ಕಡಿಮೆ ಹೂಡಿದರೆ ಬಿಡಿಸಿಕೊಂಡ ಊರು ಮತ್ತೆ ಶತ್ರುವಿನ ವಶ.

ಜನಾಭಿಪ್ರಾಯದ ತಕ್ಕಡಿ

ಇಲ್ಲಿಯವರೆಗಿನದು ಒಳ್ಳೆಯ ಯುದ್ಧದಾಟವೊಂದರ ಲಕ್ಷಣ. ಈ ಆಟದ ನಿಜವಾದ ಹಿರಿಮೆ ಇನ್ನು ಮುಂದಿನದು.

ಬಂಡಾಯ ಸೈನ್ಯದ ಬಗ್ಗೆ ಜನರ ಅಭಿಪ್ರಾಯವೇನೆಂಬುದನ್ನು ಸೂಚಿಸುವ ಮಾಪಕವೊಂದು ಆಟದುದ್ದಕ್ಕೂ ಇರುತ್ತದೆ. ಇದಲ್ಲದೆ ಪ್ರತಿಯೊಬ್ಬ ಯೋಧನಿಗೂ ಎರಡು ಅಂಕಗಳಿವೆ. ಒಂದು ಅವನ ನಡತೆಯನ್ನು ಅಳೆಯುತ್ತದೆ, ಇನ್ನೊಂದು ಜನರನ್ನು ಸೆಳೆಯುವ ಅವನ ವರ್ಚಸ್ಸನ್ನು. ತನಗಿಂತ ಬಲಶಾಲಿಯನ್ನು ಎದುರಿಸಿ ಗೆದ್ದವನ ನಡತೆಯ ಅಂಕ ಏರುತ್ತದೆ. ತನಗಿಂತ ತೀರ ದುರ್ಬಲನಾದವನನ್ನು ಕೊಂದವನ ಅಂಕ ಇಳಿಯುತ್ತದೆ. ಊರೊಂದನ್ನು ಶತ್ರುವಿನಿಂದ ಬಿಡಿಸಿದ ಮಾತ್ರಕ್ಕೆ ಜನ ಹರ್ಷಿಸುತ್ತಾರೆಂದಿಲ್ಲ. ಒಳ್ಳೆಯ ನಡತೆಯ ತುಕಡಿ ಊರನ್ನು ಪ್ರವೇಶಿಸಿದರೆ ಕೀರ್ತಿ ಹೆಚ್ಚುತ್ತದೆ. ಕ್ರೂರಿಗಳ ತುಕಡಿ ಪ್ರವೇಶಿಸಿದರೆ ಅದೇ ಊರು ಮುಖ ತಿರುಗಿಸುತ್ತದೆ. ಒಬ್ಬ ದಬ್ಬಾಳಿಕೆಗಾರ ಹೋಗಿ ಇನ್ನೊಬ್ಬ ಬಂದನೆಂಬುದು ಅವರ ಭಾವನೆ. ಬಿಡಿಸಿದ ಊರನ್ನು ಕಾಪಾಡಲಾಗದೆ ಕಳೆದುಕೊಂಡರೆ ಕೀರ್ತಿ ಮತ್ತೂ ಕುಸಿಯುತ್ತದೆ.

ಹೊಸ ಆಟಗಾರರು ಎಡವುವುದು ಇಲ್ಲಿಯೇ. ಇತರ ಆಟಗಳ ಅಭ್ಯಾಸದಂತೆ ಒಂದೆರಡು ತುಕಡಿಗಳನ್ನು ಅತ್ಯಂತ ಬಲಿಷ್ಠವಾಗಿ ಬೆಳೆಸಿ, ಎದುರು ಬಂದ ಚಿಕ್ಕಪುಟ್ಟ ಶತ್ರುಗಳನ್ನೆಲ್ಲ ಅವರಿಂದಲೇ ಸವರಿಸುತ್ತಾ ಹೋಗುತ್ತಾರೆ. ಒಂದೊಂದು ಕಾಳಗವೂ ಗೆಲುವೇ. ಆದರೆ ಜನಾಭಿಪ್ರಾಯದ ಮಾಪಕ ಮೆಲ್ಲಮೆಲ್ಲನೆ ಕೆಳಗಿಳಿಯುತ್ತಿರುತ್ತದೆ. ಸೋಲನ್ನೇ ಕಾಣದ ಸೇನೆ ಕೊನೆಗೆ ಯಾರಿಗೂ ಬೇಡವಾದ ಸೇನೆಯಾಗುತ್ತದೆ.

ಅನುಭವಿಗಳು ಇದಕ್ಕೊಂದು ಉಪಾಯ ಕಂಡುಕೊಂಡರು, ಮತ್ತು ಆ ಉಪಾಯವೇ ಆಟದ ಅತ್ಯಂತ ಚಿಂತನಾರ್ಹ ಅಂಶ ಎಂದರೆ ಅತಿಶಯೋಕ್ತಿಯಾಗಲಾರದು. ಸೈನ್ಯವನ್ನು ಎರಡಾಗಿ ವಿಂಗಡಿಸುವುದು. ಕೊಲ್ಲುವ ಕೆಲಸಕ್ಕೆ ಒಂದು ಗುಂಪು. ಅವರ ನಡತೆ ಎಷ್ಟು ಕೆಟ್ಟರೂ ಚಿಂತೆಯಿಲ್ಲ, ಅವರನ್ನು ಊರಿನ ಹೊರಗೇ ನಿಲ್ಲಿಸುವುದು. ಎಂದೂ ಕೈ ಕೊಳೆ ಮಾಡಿಕೊಳ್ಳದ ಶುಭ್ರ ಯೋಧರದು ಇನ್ನೊಂದು ಗುಂಪು. ಕಾಳಗ ಮುಗಿದ ಮೇಲೆ ಅವರು ನಿಧಾನವಾಗಿ ಬಂದು ಊರಿನ ಬಾಗಿಲು ತೆರೆಯುವುದು. ಜನ ಜಯಕಾರ ಹಾಕುತ್ತಾರೆ, ಮಾಪಕ ಏರುತ್ತದೆ. ರಕ್ತ ಸುರಿಸಿದವರು ಒಬ್ಬರು, ಹೂಮಾಲೆ ಹಾಕಿಸಿಕೊಂಡವರು ಮತ್ತೊಬ್ಬರು.

ಆಟದ ನಿಯಮದ ಪ್ರಕಾರ ಇದರಲ್ಲಿ ತಪ್ಪಿಲ್ಲ. ಆದರೂ ಹೀಗೆ ಗೆದ್ದ ಆಟಗಾರನ ಮನಸ್ಸಿನಲ್ಲಿ ಒಂದು ಅಳುಕು ಉಳಿಯದಿರದು. ಲೋಕದ ಇತಿಹಾಸದಲ್ಲಿ ಎಷ್ಟು ವಿಮೋಚನೆಗಳು ಹೀಗೆಯೇ ನಡೆದಿಲ್ಲ? ಕೀರ್ತಿಯೆಂಬುದು ನಡತೆಯ ಪ್ರತಿಬಿಂಬವೋ, ಅಥವಾ ಯಾರನ್ನು ಮುಂದೆ ನಿಲ್ಲಿಸಿದೆವೆಂಬ ಜಾಣತನದ ಫಲವೋ? ಆಟ ಈ ಪ್ರಶ್ನೆಯನ್ನು ಎಲ್ಲಿಯೂ ಮಾತಿನಲ್ಲಿ ಹೇಳುವುದಿಲ್ಲ. ಆಡುವವನ ಕೈಯಿಂದಲೇ ಅದನ್ನು ಮಾಡಿಸಿ, ಉತ್ತರವನ್ನು ಅವನಿಗೇ ಬಿಡುತ್ತದೆ.

ಭಾರತ ಬಲ್ಲವರಿಗೆ ಈ ಅಳುಕು ಹೊಸದಲ್ಲ. ಕುರುಕ್ಷೇತ್ರದಲ್ಲಿ ಧರ್ಮರಾಯನ ರಥ ನೆಲದಿಂದ ನಾಲ್ಕು ಅಂಗುಲ ಮೇಲೆಯೇ ಚಲಿಸುತ್ತಿತ್ತು. ಅಶ್ವತ್ಥಾಮ ಸತ್ತನೆಂಬ ಅರೆಸತ್ಯ ಅವನ ಬಾಯಿಂದ ಹೊರಟ ಕ್ಷಣ ಅದು ನೆಲಕ್ಕಿಳಿಯಿತು. ದ್ರೋಣ ಬಿದ್ದ, ಯುದ್ಧದ ದಿಕ್ಕು ಬದಲಾಯಿತು, ಗೆಲುವು ಪಾಂಡವರದಾಯಿತು. ಆದರೆ ರಥ ಮತ್ತೆ ಮೇಲೇಳಲಿಲ್ಲ. ಗೆಲುವಿನ ಲೆಕ್ಕಕ್ಕೂ ಸತ್ಯದ ಲೆಕ್ಕಕ್ಕೂ ಬೇರೆ ಬೇರೆ ಖಾತೆಗಳಿವೆಯೆಂಬುದನ್ನು ವ್ಯಾಸರು ನಾಲ್ಕು ಅಂಗುಲದಲ್ಲಿ ಹೇಳಿಬಿಟ್ಟಿದ್ದಾರೆ. ಶಿಖಂಡಿಯನ್ನು ಮುಂದಿಟ್ಟು ಭೀಷ್ಮನನ್ನು ಕೆಡವಿದ್ದು, ತೊಡೆಗೆ ಹೊಡೆದು ಕೌರವನನ್ನು ಉರುಳಿಸಿದ್ದು, ಇವೆಲ್ಲವೂ ನಮ್ಮ ತಾಳಮದ್ದಳೆಗಳಲ್ಲಿ ಇಂದಿಗೂ ಮುಗಿಯದ ವಾದಗಳು. ಮಾಟುಂಗಾದ ಮೈಸೂರು ಅಸೋಸಿಯೇಶನ್ನಿನಲ್ಲಾಗಲಿ ಕುರ್ಲಾದ ಬಂಟರ ಭವನದಲ್ಲಾಗಲಿ ಅಂತಹ ವಾದವನ್ನು ಕಿವಿಗೊಟ್ಟು ಕೇಳಿದವರಿಗೆ ಈ ಜಪಾನೀ ಆಟದ ಮರ್ಮ ಬಹುಬೇಗ ತಿಳಿದೀತು.

ಕ್ಷಮೆಯ ಬೆಲೆ

ಇದೇ ತಕ್ಕಡಿಯಲ್ಲಿ ತೂಗಬೇಕಾದ ಎರಡು ಪ್ರಸಂಗಗಳನ್ನು ಉಲ್ಲೇಖಿಸಲೇಬೇಕು. ಶರೋಮ್ ಎಂಬ ಪ್ರಾಂತದ ಒಡೆಯ ಗಿಲ್ಬರ್ಟ್ ತನ್ನ ಜನರನ್ನು ಉಳಿಸಲೆಂದು ಸಾಮ್ರಾಜ್ಯಕ್ಕೆ ತಲೆಬಾಗಿದವನು. ಅದರಿಂದ ನೊಂದ ಅವನ ಆಪ್ತಮಿತ್ರ, ರೆಕ್ಕೆಯುಳ್ಳ ಯೋಧ ಕ್ಯಾನೊಪಸ್, ಯುದ್ಧವನ್ನೇ ತೊರೆದು ಸುಮ್ಮನೆ ಕುಳಿತಿದ್ದಾನೆ. ಗಿಲ್ಬರ್ಟ್ ಸೋತು ಶರಣಾದಾಗ ಅವನನ್ನು ದಂಡಿಸುವುದೋ ಕ್ಷಮಿಸುವುದೋ ಎಂಬುದು ಆಟಗಾರನ ನಿರ್ಧಾರ. ಕ್ಷಮಿಸಿದರೆ ಅವನು ನಮ್ಮ ಸೈನ್ಯ ಸೇರಿ ಹೋರಾಡುತ್ತಾನೆ.

ಎರಡನೆಯದು ಡೆನೆಬ್ ಎಂಬ ಮಾಟಗಾತಿಯ ಪ್ರಸಂಗ. ಸುತ್ತಲಿನ ಜನರನ್ನು ತನ್ನ ಪ್ರಯೋಗಗಳಿಂದ ಪೀಡಿಸಿದವಳು ಅವಳು. ಸೋತಾಗ ಅವಳೂ ಕ್ಷಮೆ ಬೇಡುತ್ತಾಳೆ. ಅವಳ ನೆರವು ಸೈನ್ಯಕ್ಕೆ ಬಹು ಉಪಯುಕ್ತ. ಆದರೆ ಅವಳನ್ನು ಕ್ಷಮಿಸಿದೊಡನೆ ಜನಾಭಿಪ್ರಾಯ ಕುಸಿಯುತ್ತದೆ. ನೋವುಂಡವರು ಅವರು, ಕ್ಷಮಿಸಲು ನೀನು ಯಾರು ಎಂಬುದು ಆ ಕುಸಿತದ ಅರ್ಥ. ಗಿಲ್ಬರ್ಟನ ವಿಷಯದಲ್ಲಿ ಸುಲಭವಾಗಿದ್ದ ಔದಾರ್ಯಕ್ಕೆ ಇಲ್ಲಿ ಬೆಲೆ ತೆರಬೇಕು. ಕ್ಷಮೆ ಯಾವಾಗಲೂ ಪುಣ್ಯವಲ್ಲ, ದಂಡನೆ ಯಾವಾಗಲೂ ಕ್ರೌರ್ಯವಲ್ಲ ಎಂಬ ಮಾತನ್ನು ಉಪದೇಶವಿಲ್ಲದೆ ಮನಗಾಣಿಸುವ ಸನ್ನಿವೇಶವಿದು.

ಸೋತ ಶತ್ರು ನಮ್ಮವನಾಗುವ ಈ ಕಲ್ಪನೆ ಜಪಾನೀಯರಿಗೆ ಚಿರಪರಿಚಿತವಾದದ್ದು. ಭಾರತದಲ್ಲಿ ಹುಟ್ಟಿದ ಚತುರಂಗ ಪರ್ಷಿಯಾದಲ್ಲಿ ಶತರಂಜ್ ಆಗಿ, ಪಶ್ಚಿಮದಲ್ಲಿ ಚೆಸ್ ಆದಂತೆ, ಪೂರ್ವದಲ್ಲಿ ಜಪಾನಿನ ‘ಶೋಗಿ’ ಆಯಿತು. ನಮ್ಮ ಚದುರಂಗದಲ್ಲಿ ಹೊಡೆದ ಕಾಯಿ ಆಟದಿಂದ ಹೊರಗೆ; ಶೋಗಿಯಲ್ಲಾದರೋ ಹೊಡೆದ ಕಾಯಿಯನ್ನು ಹೊಡೆದವನು ತನ್ನದಾಗಿಸಿಕೊಂಡು ಮತ್ತೆ ಮಣೆಯ ಮೇಲೆ ಇಳಿಸಬಹುದು. ನಿನ್ನೆಯ ಶತ್ರು ಇಂದಿನ ಸೈನಿಕ. ಗಿಲ್ಬರ್ಟನ ಕಥೆ ಓದುವಾಗ ಶೋಗಿಯ ಈ ನಿಯಮ ತಾನಾಗಿ ನೆನಪಾಗುತ್ತದೆ.

ಕಪ್ಪು ರಾಣಿ ಮತ್ತು ಅವಳ ಹಿಂದಿನ ಶಕ್ತಿಗಳು ಸೋತ ಮೇಲೂ ಆಟ ಎಲ್ಲರಿಗೂ ಒಂದೇ ಮುಕ್ತಾಯ ಕೊಡುವುದಿಲ್ಲ. ಹತ್ತಕ್ಕೂ ಹೆಚ್ಚು ಅಂತ್ಯಗಳಿವೆ. ಕೀರ್ತಿ, ನಾಯಕನ ನಡತೆ, ಜೊತೆಗೂಡಿದವರು ಯಾರು ಎಂಬುದರ ಮೇಲೆ ಯಾವ ಅಂತ್ಯವೆಂಬುದು ನಿಲ್ಲುತ್ತದೆ. ಅತ್ಯುತ್ತಮ ಅಂತ್ಯದಲ್ಲಿ ಜೆನೋಬಿಯಾದ ರಾಜಕುಮಾರ ಟ್ರಿಸ್ಟಾನ್ ಸಿಂಹಾಸನವೇರುತ್ತಾನೆ. ಯುದ್ಧ ಗೆಲ್ಲಿಸಿಕೊಟ್ಟ ನಾಯಕ ಏನನ್ನೂ ಬಯಸದೆ ಆಪ್ತರೊಡನೆ ಬೇರೆ ನಾಡಿನತ್ತ ಹೊರಡುತ್ತಾನೆ. ಕೀಳಾದ ಅಂತ್ಯಗಳಲ್ಲಿ ನಾಯಕನೇ ಹೊಸ ನಿರಂಕುಶ ದೊರೆಯಾಗುತ್ತಾನೆ. ಸಿಂಹಾಸನ ದೊರೆಯುವುದು ಬಹುಮಾನವಲ್ಲ, ಅದನ್ನು ಬಿಟ್ಟು ನಡೆಯುವುದೇ ಬಹುಮಾನ ಎಂಬ ನಿಲುವು ಗಮನಾರ್ಹ. ಗೆದ್ದ ರಾಜ್ಯವನ್ನು ತೊರೆದು ನಿಂತ ಬಾಹುಬಲಿಯನ್ನು ಆದಿಕವಿ ಪಂಪನಿಂದ ಪಡೆದ ಕನ್ನಡಿಗರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಅನಂತರದ ಬೆಳವಣಿಗೆ

1995ರಲ್ಲಿ ಮಾತ್ಸುನೊ ತಂಡ ‘ಟ್ಯಾಕ್ಟಿಕ್ಸ್ ಓಗರ್’ ಎಂಬ ಮುಂದಿನ ಆಟ ಹೊರತಂದಿತು. ಅದರ ಉಪಶೀರ್ಷಿಕೆಯೂ ‘ಕ್ವೀನ್’ ವೃಂದದ 1976ರ ಒಂದು ಹಾಡಿನಿಂದ ಬಂದದ್ದು. ಬ್ರಿಯನ್ ಮೇ ಬರೆದ ಆ ಹಾಡಿನ ಪಲ್ಲವಿಯಲ್ಲಿ ಜಪಾನೀ ಭಾಷೆಯ ಸಾಲುಗಳಿವೆ. ಈ ಆಟ ನಿಲ್ಲದ ಕಾಲವನ್ನು ಬಿಟ್ಟು ಸರದಿಯ ಪದ್ಧತಿಗೆ ಮರಳಿತು. ಆಗ ಯುಗೊಸ್ಲಾವಿಯಾ ಒಡೆದು ನೆರೆಹೊರೆಯವರೇ ಪರಸ್ಪರ ಕೊಲ್ಲುತ್ತಿದ್ದ ಕಾಲ. ಅದರ ನೆರಳು ಕಥೆಯ ಮೇಲಿದೆ. ತಮ್ಮದೇ ಜನರನ್ನು ಕೊಂದು ಅಪವಾದವನ್ನು ಶತ್ರುವಿನ ಮೇಲೆ ಹೊರಿಸಬೇಕೆಂಬ ಆಜ್ಞೆ ನಾಯಕನಿಗೆ ಬರುತ್ತದೆ. ಪಾಲಿಸುವುದೋ ಧಿಕ್ಕರಿಸುವುದೋ ಎಂಬ ಆಯ್ಕೆಯಿಂದ ಕಥೆಯೇ ಕವಲೊಡೆಯುತ್ತದೆ.

ಮಾತ್ಸುನೊ ಅನಂತರ ‘ಸ್ಕ್ವೇರ್’ ಸಂಸ್ಥೆ ಸೇರಿ 1997ರಲ್ಲಿ ‘ಫೈನಲ್ ಫ್ಯಾಂಟಸಿ ಟ್ಯಾಕ್ಟಿಕ್ಸ್’ ರೂಪಿಸಿದರು. ಅವರಿಲ್ಲದೆ ‘ಕ್ವೆಸ್ಟ್’ 1999ರಲ್ಲಿ ‘ಓಗರ್ ಬ್ಯಾಟಲ್ 64’ ಹೊರತಂದಿತು. 2002ರಲ್ಲಿ ‘ಕ್ವೆಸ್ಟ್’ ಸಂಸ್ಥೆ ‘ಸ್ಕ್ವೇರ್’ನಲ್ಲಿ ವಿಲೀನವಾಯಿತು, ಮರುವರ್ಷ ‘ಸ್ಕ್ವೇರ್’ ಮತ್ತು ‘ಎನಿಕ್ಸ್’ ಒಂದಾದವು. 2022ರಲ್ಲಿ ‘ಟ್ಯಾಕ್ಟಿಕ್ಸ್ ಓಗರ್’ ನವೀಕೃತ ರೂಪದಲ್ಲಿ ಮರಳಿತು. 2024ರ ಮಾರ್ಚ್‌ನಲ್ಲಿ ‘ವೆನಿಲಾವೇರ್’ ಸಂಸ್ಥೆಯ ‘ಯೂನಿಕಾರ್ನ್ ಓವರ್‌ಲಾರ್ಡ್’ ಬಂದಾಗ, ನಕ್ಷೆಯ ಮೇಲೆ ನಡೆಯುವ ತುಕಡಿಗಳು, ಬಿಡುಗಡೆಗೊಳ್ಳುವ ಊರುಗಳು, ತಾನಾಗಿ ನಡೆಯುವ ಕಾಳಗ ಎಲ್ಲವೂ 1993ರ ಹಿರಿಯಣ್ಣನನ್ನು ನೆನಪಿಸಿದವು.

ಮುಂಬಯಿಗೆ ತಲುಪದ ಆಟ

ತೊಂಬತ್ತರ ದಶಕದಲ್ಲಿ ಮುಂಬಯಿಯ ಚಾಳು ಮತ್ತು ಸೊಸೈಟಿಗಳಲ್ಲಿ ಬೆಳೆದ ಕನ್ನಡದ ಮಕ್ಕಳಿಗೂ ‘ಟಿ.ವಿ. ಗೇಮ್’ ಗೊತ್ತಿತ್ತು. ಲ್ಯಾಮಿಂಗ್ಟನ್ ರೋಡಿನ ಅಂಗಡಿಗಳಲ್ಲಿ ದೊರೆಯುತ್ತಿದ್ದ ಆ ಪೆಟ್ಟಿಗೆಗಳಲ್ಲಿ ಹೆಚ್ಚಿನವು ನಿಂಟೆಂಡೋದ 1983ರ ಎಂಟು ಬಿಟ್ ಯಂತ್ರದ ಅನುಕರಣೆಗಳು. ಒಂದೇ ಕ್ಯಾಸೆಟ್ಟಿನಲ್ಲಿ ಸಾವಿರಾರು ಆಟಗಳಿವೆಯೆಂದು ಬರೆದಿರುತ್ತಿತ್ತು. ಒಳಗೆ ‘ಮಾರಿಯೋ’, ‘ಕಾಂಟ್ರಾ’ ಮೊದಲಾದ ಕೆಲವೇ ಆಟಗಳು ತಿರುಗಿ ತಿರುಗಿ ಬರುತ್ತಿದ್ದವು. ‘ಓಗರ್ ಬ್ಯಾಟಲ್’ ಹದಿನಾರು ಬಿಟ್ ಯಂತ್ರದ ಆಟ. ಅದನ್ನು ಒಂದೇ ಕೂಟದಲ್ಲಿ ಮುಗಿಸಲು ಸಾಧ್ಯವಿಲ್ಲ. ಆಡಿದಷ್ಟನ್ನು ಕಾದಿಡಲು ಕ್ಯಾಸೆಟ್ಟಿನೊಳಗೇ ಸಣ್ಣ ಬ್ಯಾಟರಿ ಬೇಕಿತ್ತು. ಅಗ್ಗದ ನಕಲಿ ಕ್ಯಾಸೆಟ್ಟುಗಳಲ್ಲಿ ಸಾಮಾನ್ಯವಾಗಿ ಆ ಸೌಕರ್ಯವಿರಲಿಲ್ಲ. ಹೀಗಾಗಿ ಓಡುವ, ಹಾರುವ, ಗುಂಡು ಹಾರಿಸುವ ಆಟಗಳು ನಮ್ಮ ಮನೆಗಳಿಗೆ ಬಂದವು. ನಿಧಾನವಾಗಿ ಓದಿ, ಯೋಚಿಸಿ, ಪರಿಣಾಮ ಅನುಭವಿಸಬೇಕಾದ ಆಟಗಳು ಹೊರಗೇ ಉಳಿದವು. ವಿಡಿಯೋ ಆಟವೆಂದರೆ ಬುದ್ಧಿಗೆಡಿಸುವ ಗದ್ದಲವೆಂದು ನಮ್ಮ ಹಿರಿಯರಲ್ಲಿ ಮೂಡಿದ ಅಭಿಪ್ರಾಯಕ್ಕೆ ಇದೂ ಒಂದು ಕಾರಣವಿರಬಹುದು.

ಇಂದು ಪರಿಸ್ಥಿತಿ ಬೇರೆ. ಪ್ರತಿಯೊಂದು ಮಗುವಿನ ಕೈಯಲ್ಲೂ ಮೊಬೈಲ್ ಇದೆ, ಆಟಗಳಿಗೆ ಕೊರತೆಯಿಲ್ಲ. ಹಳೆಯ ‘ಓಗರ್ ಬ್ಯಾಟಲ್’ ದೊರೆಯುತ್ತಿದ್ದ ನಿಂಟೆಂಡೋದ ‘ವೀ’ ಮಳಿಗೆ 2019ರಲ್ಲಿ ಮುಚ್ಚಿತಾದರೂ, ಅದರ ವಂಶದ ಹೊಸ ಆಟಗಳು ಸುಲಭವಾಗಿ ಸಿಗುತ್ತವೆ. ಮಕ್ಕಳು ಎಷ್ಟು ಹೊತ್ತು ಆಡುತ್ತಾರೆ ಎಂದು ಗಡಿಯಾರ ನೋಡುವುದು ಅಗತ್ಯವೇ. ಅದರ ಜೊತೆಗೆ, ಅವರು ಆಡುವ ಆಟ ಅವರನ್ನು ಏನು ಕೇಳುತ್ತದೆ ಎಂದು ವಿಚಾರಿಸುವುದೂ ಅಷ್ಟೇ ಅಗತ್ಯ. ಎಷ್ಟು ಜನರನ್ನು ಕೊಂದೆ ಎಂದು ಮಾತ್ರ ಕೇಳುವ ಆಟ ಬೇರೆ. ಕೊಂದದ್ದಕ್ಕೆ ಲೆಕ್ಕ ಕೇಳುವ ಆಟ ಬೇರೆ.

ಇನ್ನೊಂದು ಆಶಯವನ್ನೂ ಇಲ್ಲಿ ವ್ಯಕ್ತಪಡಿಸಬೇಕಾಗಿದೆ. ಬೆಂಗಳೂರಿನ ‘ಧ್ರುವ ಇಂಟರಾಕ್ಟಿವ್’ 1997ರಲ್ಲಿಯೂ ಮುಂಬಯಿಯ ‘ಇಂಡಿಯಾಗೇಮ್ಸ್’ 1999ರಲ್ಲಿಯೂ ಸ್ಥಾಪನೆಯಾಗಿ ಈ ಉದ್ಯಮಕ್ಕೆ ನಮ್ಮ ದೇಶದಲ್ಲಿ ದಾರಿ ಮಾಡಿಕೊಟ್ಟವು. 2020ರಲ್ಲಿ ಪುಣೆಯ ತಂಡವೊಂದು ನಮ್ಮ ಪುರಾಣಗಳನ್ನು ಆಧರಿಸಿ ‘ರಾಜಿ’ ಎಂಬ ಆಟ ರಚಿಸಿ ಹೊರದೇಶಗಳಲ್ಲಿಯೂ ಗಮನ ಸೆಳೆಯಿತು. ಅನಿಮೇಶನ್ ಮತ್ತು ಗಣಕ ಕ್ಷೇತ್ರಗಳಲ್ಲಿ ದುಡಿಯುವ ಮುಂಬಯಿ ಕನ್ನಡಿಗ ತರುಣರಿಗೆ ಯಕ್ಷಗಾನದ ಪ್ರಸಂಗಗಳು ಮನೆಯಂಗಳದ ಬಾವಿಯಿದ್ದಂತೆ. ಕೃಷ್ಣ ಸಂಧಾನ, ಭೀಷ್ಮಪರ್ವ, ಕರ್ಣಪರ್ವ, ಗದಾಯುದ್ಧಗಳಲ್ಲಿ ಸೈನ್ಯವೂ ಇದೆ, ವೇಷವೂ ಇದೆ, ನಿಲ್ಲದ ಕಾಲವೂ ಇದೆ, ಗೆದ್ದವನನ್ನು ಕೇಳಬೇಕಾದ ಪ್ರಶ್ನೆಗಳೂ ಇವೆ. ಇಂಗ್ಲೆಂಡಿನ ಎರಡು ಹಾಡುಗಳ ಹೆಸರು ಹಿಡಿದು ಜಪಾನೀಯರು ಇಷ್ಟು ದೂರ ನಡೆದಿರುವಾಗ, ರಾತ್ರಿಯಿಡೀ ಚೆಂಡೆಯ ದನಿ ಕೇಳಿ ಬೆಳೆದವರು ಕನ್ನಡದಲ್ಲಿಯೇ ಮಾತನಾಡುವ ಅಂತಹದೊಂದು ಆಟವನ್ನು ಕಟ್ಟಲಾರರೇ? ಅಂತಹ ಪ್ರಯತ್ನ ನಮ್ಮ ನಗರದಿಂದಲೇ ಮೂಡಿಬರಲಿ ಎಂಬುದು ನಮ್ಮ ಹಾರೈಕೆ.